ಒಂಬತ್ತನೇ ಗೀಟು

ಅಡಿಸ್ ಅಬಾಬದ ಅಂಚು, ಲೆಬು.
ಐದು ಮಹಡಿ ಎದ್ದಿದೆ, ಆರನೆಯದಕ್ಕೆ ಬರೀ ಕಂಬಿ.
ಕೆಳಗೆ ತಗಡಿನ ಮಾಡಿನಡಿ ನಾನು, ಅಸ್ನಕೆಚ್.
ಒಂದು ಕಲ್ಲು, ಒಂದು ಸುತ್ತಿಗೆ, ಎರಡು ಡಬ್ಬ.
ಎಡಗಡೆಯದರಲ್ಲಿ ಸೊಟ್ಟ ಮೊಳೆ,
ಬಲಗಡೆಯದರಲ್ಲಿ ನೆಟ್ಟಗಾದದ್ದು.
ಕಿಲೋಗೆ ಇಷ್ಟು ಬಿರ್ ಅಂತ ಕೂಲಿ.
ಹೊಸ ಮೊಳೆಯ ರೇಟು ಏರಿದಾಗೆಲ್ಲ
ನನಗೆ ಕೈತುಂಬ ಕೆಲಸ.

ಸೆಂಟ್ರಿಂಗ್ ಅಂದರೆ ಇಷ್ಟೇ:
ನೀಲಗಿರಿ ಗಳದ ಕಾಡೊಂದನ್ನು ಮನೆಯೊಳಗೆ ನಿಲ್ಲಿಸುವುದು,
ಅದರ ನೆತ್ತಿಗೆ ಹಲಗೆ ಹಾಸಿ
ಹಲಗೆಯ ಮೇಲೆ ಗಂಜಿಯಂಥ ಕಾಂಕ್ರೀಟು ಸುರಿದು
ಅದು ಕಲ್ಲಾಗುವ ತನಕ ಕಾಯುವುದು.
ಆಮೇಲೆ ಕಾಡನ್ನು ಕಿತ್ತು ಮೇಲಿನ ಮಹಡಿಗೆ ಹೊರುವುದು.
ಮನೆ ಕೊಳ್ಳುವವರು ಯಾರೂ ಆ ಕಾಡನ್ನು ನೋಡಿರುವುದಿಲ್ಲ.

ಒಂದು ಗಳಕ್ಕೆ ಹತ್ತು ಸಲದ ಆಯುಸ್ಸು
ಅನ್ನುತ್ತಾನೆ ಗುತ್ತಿಗೆದಾರ ತಿಲಾಹುನ್.
ಬಡಗಿ ಗೆಬೆಯೆಹು ಅನ್ನುತ್ತಾನೆ, ಆರು.
ನಡುವಿನ ಆ ನಾಲ್ಕು ಸಲದಲ್ಲೇ
ತಿಲಾಹುನನ ಪಿಕಪ್ಪಿನ ಕಂತು ಸಂದಾಯವಾಗುವುದು.

ರಸ್ತೆಯಾಚೆಯ ಸೈಟಿಗೆ ಅಲ್ಯೂಮಿನಿಯಂ ಅಚ್ಚು ಬಂದಿದೆ.
ಮೊಳೆಯೇ ಬೇಡ. ಪಿನ್ನು, ಬೆಣೆ, ಎರಡೇಟು, ಮುಗಿಯಿತು.
ವಾರಕ್ಕೊಂದು ಮಹಡಿ ಏಳುತ್ತದೆ ಅಲ್ಲಿ.
ನೋಡಿ ನೋಡಿ ನಮ್ಮವನ ನಿದ್ದೆ ಹಾರಿದೆ.
ಅಲ್ಯೂಮಿನಿಯಂ ಕೊಳ್ಳಲಾರ,
ಅದರ ವೇಗ ಮಾತ್ರ ಬೇಕು.

ಹಾಮ್ಲೆ ತಿಂಗಳು. ಬೆಳಗಿನಿಂದ ಮಳೆ, ರಾತ್ರಿ ಕೊರೆಯುವ ಚಳಿ.
ಚಳಿಗೆ ಕಾಂಕ್ರೀಟೂ ಮುದುರಿ ಮಲಗುತ್ತದೆ, ಬೇಗ ಗಟ್ಟಿಯಾಗದು.
ಸುರಿದ ದಿನದಿಂದ ನಾನು ಗೋಡೆಗೆ
ದಿನಕ್ಕೊಂದು ಇದ್ದಿಲ ಗೀಟು ಎಳೆಯುತ್ತೇನೆ.
ಹದಿನಾಲ್ಕಾದ ಮೇಲೆ ಆ ಮಹಡಿಯ ಮೊಳೆ ನನ್ನ ಡಬ್ಬಕ್ಕೆ ಬೀಳಬೇಕು.
ಐದನೆಯದರ ಮೊಳೆ ಬಿತ್ತು.
ತಿರುಗಿ ನೋಡಿದೆ. ಗೀಟು ಒಂಬತ್ತು.

ಹಸಿ ಬಾಣಂತಿಯ ಬೆನ್ನಿಗೆ
ನೀರಿನ ಕ್ಯಾನು ಕಟ್ಟಿ ಗುಡ್ಡ ಹತ್ತಿಸಿದ ಹಾಗೆ.
ನನ್ನನ್ನು ಹತ್ತಿಸಿದ್ದರು. ಒಂಬತ್ತನೇ ದಿನವೇ.
ಒಳಗೆ ಎಲ್ಲಿ ಬಿರಿಯುತ್ತದೆಂದು ನನಗೆ ಗೊತ್ತು.

ಕಾಫಿ ಹೊತ್ತಿಗೆ ಗೆಬೆಯೆಹುವಿನ ಅಂಗೈಗೆ
ಎರಡು ಮೊಳೆ ಹಾಕಿ ಗೋಡೆ ತೋರಿಸಿದೆ.
ಅವನು ಬಟ್ಟಲು ಕೆಳಗಿಟ್ಟ. ಮಾತಾಡಲಿಲ್ಲ.
ಮೇಲೆ ಹೋದೆವು. ಅಲ್ಲಿ ಕಾಡಿರಲಿಲ್ಲ,
ಬರೀ ಖಾಲಿ ಕೋಣೆ, ನಮ್ಮ ಹೆಜ್ಜೆಯ ಸದ್ದು.
ತಾರಸಿಯ ಹೊಟ್ಟೆಯಲ್ಲಿ ಹಲಗೆಯ ಗಂಟುಗಳ ಅಚ್ಚು
ಕಣ್ಣುಗಳ ಹಾಗೆ ಮೂಡಿತ್ತು.
ಎರಡು ಕಣ್ಣಿನ ನಡುವೆ ಒಂದು ಗೆರೆ,
ಕೂದಲೆಳೆಯಷ್ಟು.
ಅವನು ಅದರ ತುದಿಗೆ ಪೆನ್ಸಿಲಿನಿಂದ ಅಡ್ಡ ಎಳೆದು
ತಾರೀಖು ಬರೆದ.

"ಬಿದ್ದಿದೆಯಾ?" ತಿಲಾಹುನ್ ಕೇಳಿದ.
"ಇಲ್ಲ."
"ಮತ್ತೆ?"
ಈ "ಮತ್ತೆ"ಗೆ ಏನಂತ ಹೇಳುವುದು?
ಗೆಬೆಯೆಹುವಿಗೂ ತಿಳಿಯಲಿಲ್ಲ.
ಟೋಪಿ ತೆಗೆದು, ಮತ್ತೆ ಹಾಕಿಕೊಂಡ.

ರಾತ್ರಿ ವೊಲೈಟಾದ ಹುಡುಗರು ಐದು ಮಂದಿ
ಆರನೆಯದಕ್ಕೆ ಏರಿಸಿಟ್ಟಿದ್ದ ನಲವತ್ತು ಗಳವನ್ನು
ಟಾರ್ಚಿನ ಬೆಳಕಲ್ಲಿ ಮಳೆಯಲ್ಲಿ ಇಳಿಸಿದರು.
ಗೆರೆಯ ಕೆಳಗೆ ಒಂದೊಂದೇ ಊರಿದರು.
ನನ್ನ ಬಲಗಡೆಯ ಡಬ್ಬ ಹಾಗೇ ಕೊಟ್ಟೆ, ತೂಗಲಿಲ್ಲ.
ಸುತ್ತಿಗೆಯ ಸದ್ದಿಗೆ ಪಕ್ಕದ ಚರ್ಚಿನ ಕಾವಲುಗಾರ
ಎದ್ದು ಬಂದು ಬೈದು ಹೋದ.

ಏನೂ ಬೀಳಲಿಲ್ಲ.
ಲೆಕ್ಕದ ಪುಸ್ತಕದಲ್ಲಿ ಹೀಗಿದೆ:
ಗಳ ನಲವತ್ತು, ಐದು ದಿನ ತಡ.
ಮೊಳೆ ಮೂರು ಕಿಲೋ, ಅಸ್ನಕೆಚ್ ಲೆಕ್ಕಕ್ಕೆ ವಜಾ.
ಬೀಳದೆ ಉಳಿದದ್ದಕ್ಕೆ ಅದರಲ್ಲಿ ಕಾಲಮ್ಮಿಲ್ಲ.
ಬಿದ್ದಿದ್ದರೆ ಇರುತ್ತಿತ್ತೇನೋ.

ಮಾರನೆಯ ದಿನ ನನ್ನ ಗೋಡೆಗೆ ಸುಣ್ಣ ಬಳಿಸಿದ.
ಚೆನ್ನಾಗಿಯೇ ಕಾಣುತ್ತದೆ, ಸುಳ್ಳೇಕೆ.
ಈಗ ಗೀಟು ಎಳೆಯುವುದಿಲ್ಲ.
ಆರನೆಯದನ್ನು ಸುರಿದ ದಿನದಿಂದ
ದಿನಕ್ಕೊಂದು ಸೊಟ್ಟ ಮೊಳೆ ಆರಿಸಿ
ನೆಟೆಲದ ಅಂಚಿಗೆ ಗಂಟು ಹಾಕುತ್ತೇನೆ.
ಇವತ್ತಿಗೆ ನಾಲ್ಕು.
ಭಾರವೇನಿಲ್ಲ.
ನಡೆದಾಗ ಮೊಣಕಾಲಿಗೆ ತಾಗುತ್ತವೆ, ಅಷ್ಟೆ.